ಇಪ್ಪತ್ತು ರೂಪಾಯಿ ದಂಡ, ಒಂದು ನೌಕರಿ

(ಹಾಸ್ಟೆಲ್ ವಿದ್ಯಾರ್ಥಿಗಳ ಅಧ್ಯಯನ ಶಿಬಿರದಲ್ಲಿ ಮಾಡಿದ ಭಾಷಣದ ಬರಹರೂಪ)



ಕವಿತೆ ಬರೆಯುವವನನ್ನು ಕರೆದು ಕಾನೂನಿನ ಬಗ್ಗೆ ಮಾತಾಡು ಅಂದಿದ್ದೀರಿ. ನಾನು ವಕೀಲನಲ್ಲ. ಓದಿದ್ದು ಬರೀ ಬಿ.ಎ. ಆದರೆ ಕಾನೂನು ಅನ್ನೋದು ವಕೀಲರ ಮನೆ ಹಿತ್ತಲಲ್ಲ. ಅದು ನಮ್ಮ ಕೇರಿಗೆ ಬರುವಾಗ ಕರಿ ಕೋಟು ಹಾಕ್ಕೊಂಡು ಬರಲ್ಲ, ಖಾಕಿ ಹಾಕ್ಕೊಂಡು ಬರುತ್ತೆ. ಅದಕ್ಕೇ ನಾವೂ ಅದನ್ನ ಓದಬೇಕು. ಇಂಗ್ಲಿಷಿನಲ್ಲಿರುವ ತೀರ್ಪುಗಳನ್ನ ಡಿಕ್ಷನರಿ ಪಕ್ಕದಲ್ಲಿಟ್ಟುಕೊಂಡು ಓದಿದರೆ ಅರ್ಥವಾಗುತ್ತವೆ. ಕೆಲವು ಕಡೆ ಕತೆಗಿಂತ ಚೆನ್ನಾಗಿರುತ್ತವೆ.

ಇಲ್ಲಿ ಕೂತಿರೋ ಹೆಚ್ಚುಕಮ್ಮಿ ಎಲ್ಲರೂ ಸರ್ಕಾರಿ ನೌಕರಿಯ ಕಡೆ ನೋಡ್ತಾ ಇದ್ದೀರಿ. ಅದರಲ್ಲಿ ನಾಚಿಕೆಪಡುವಂಥದ್ದು ಏನಿಲ್ಲ. ಜಮೀನಿಲ್ಲದವನಿಗೆ ತಿಂಗಳ ಸಂಬಳವೇ ಜಮೀನು. ಹಾಗೇ ಇಲ್ಲಿ ಕೂತಿರೋ ಎಷ್ಟೋ ಜನ ಮೆರವಣಿಗೆಗೂ ಬಂದಿದ್ದೀರಿ, ಧರಣಿಯಲ್ಲೂ ಕೂತಿದ್ದೀರಿ. ಸ್ಕಾಲರ್‌ಶಿಪ್ ಬರಲಿಲ್ಲ ಅಂತ, ಹಾಸ್ಟೆಲ್ ಅನ್ನದಲ್ಲಿ ಹುಳ ಅಂತ, ಊರಿನ ದೇವಸ್ಥಾನದ ಮುಂದೆ ನಮ್ಮೋರಿಗೆ ಹೊಡೆದರು ಅಂತ ಬೀದಿಗೆ ಇಳಿದಿದ್ದೀರಿ. ಇಳಿದವರ ಮೇಲೆ ಕೇಸು ಬಿದ್ದಿದೆ. ಅಕ್ರಮ ಕೂಟ, ಗಲಭೆ, ಸರ್ಕಾರಿ ಕೆಲಸಕ್ಕೆ ಅಡ್ಡಿ. ಈ ಎರಡು ದಾರಿ, ಅಂದರೆ ನೌಕರಿಯ ದಾರಿ ಮತ್ತು ಬೀದಿಯ ದಾರಿ, ಒಂದು ಕಡೆ ಬಂದು ಕೂಡಿಕೊಳ್ಳುತ್ತವೆ. ಅದು ನೇಮಕಾತಿ ಫಾರಂನಲ್ಲಿರುವ ಒಂದು ಕಾಲಂ: ‘ನಿಮಗೆ ಎಂದಾದರೂ ನ್ಯಾಯಾಲಯದಲ್ಲಿ ಶಿಕ್ಷೆಯಾಗಿದೆಯೇ?’ ಆ ಕಾಲಂ ದಾಟಿ ಒಳಗೆ ಹೋದ ಮೇಲೂ ಅದು ನಿಮ್ಮನ್ನ ಬಿಡಲ್ಲ. ನೌಕರಿಯಲ್ಲಿದ್ದಾಗ ಶಿಕ್ಷೆ ಆದರೆ ಮನೆಗೆ ಕಳಿಸಬಹುದು.

ಮೊದಲು ಪದಗಳನ್ನ ಬಿಡಿಸಿಕೊಳ್ಳೋಣ. ಊರಲ್ಲಿ ‘ಅವನ ಮೇಲೆ ಕೇಸಾಗಿದೆ, ಅವನ ಕತೆ ಮುಗೀತು’ ಅಂತಾರೆ. ಅದು ತಪ್ಪು. ಎಫ್.ಐ.ಆರ್. ಅಂದರೆ ಯಾರೋ ಕೊಟ್ಟ ದೂರು ಬರಕೊಂಡಿದ್ದು, ಅಷ್ಟೆ. ಚಾರ್ಜ್‌ಶೀಟ್ ಅಂದರೆ ಪೊಲೀಸರ ಅಭಿಪ್ರಾಯ. ಅರೆಸ್ಟಾಗೋದು, ಜಾಮೀನಾಗೋದು, ಇವು ಯಾವೂ ಅಪರಾಧ ಸಾಬೀತಾದಂತಲ್ಲ. ನ್ಯಾಯಾಧೀಶರು ‘ಅಪರಾಧಿ’ ಅಂತ ಬರೆದ ದಿನ ಮಾತ್ರ ಅದು ಸಾಬೀತು. ಸರ್ಕಾರಿ ನೌಕರ 48 ಗಂಟೆ ಮೀರಿ ಕಸ್ಟಡಿಯಲ್ಲಿದ್ದರೆ ಅಮಾನತಿನಲ್ಲಿದ್ದಾನೆ ಅಂತಲೇ ಲೆಕ್ಕ, ಅದು ಬೇರೆ ಮಾತು. ಅಮಾನತು ಅಂದರೆ ವಜಾ ಅಲ್ಲ.

ಈಗ ಸಂವಿಧಾನಕ್ಕೆ ಬರ್ತೀನಿ. 311ನೇ ವಿಧಿ ಸರ್ಕಾರಿ ನೌಕರನ ಗುರಾಣಿ. ಅವನನ್ನ ನೇಮಿಸಿದ ಅಧಿಕಾರಿಗಿಂತ ಕೆಳಗಿನವರು ಅವನನ್ನ ವಜಾ ಮಾಡೋ ಹಾಗಿಲ್ಲ. ಆರೋಪ ಏನು ಅಂತ ತಿಳಿಸಿ, ವಿಚಾರಣೆ ನಡೆಸಿ, ಅವನ ಮಾತು ಕೇಳದೆ ವಜಾ ಮಾಡೋ ಹಾಗಿಲ್ಲ. ಸಾಹೇಬರಿಗೆ ಕೋಪ ಬಂತು ಅಂತ ಜವಾನನ ಕೆಲಸ ಹೋಗಬಾರದು, ಅದಕ್ಕೆ ಈ ವಿಧಿ. ಆದರೆ ಈ ಗುರಾಣಿಯಲ್ಲಿ ಒಂದು ತೂತಿದೆ. ಕ್ರಿಮಿನಲ್ ಕೇಸಿನಲ್ಲಿ ಶಿಕ್ಷೆಯಾಗಿದ್ದರೆ, ಆ ಶಿಕ್ಷೆಗೆ ಕಾರಣವಾದ ನಡತೆಗಾಗಿ ವಜಾ ಮಾಡುವಾಗ ಇಲಾಖೆ ಮತ್ತೆ ವಿಚಾರಣೆ ನಡೆಸಬೇಕಿಲ್ಲ. ಕೋರ್ಟೇ ಸಾಕ್ಷಿ ಕೇಳಿ ತೀರ್ಮಾನ ಮಾಡಿದ ಮೇಲೆ ಇಲಾಖೆ ಇನ್ನೇನು ಕೇಳಬೇಕು ಅನ್ನೋದು ಇದರ ತರ್ಕ. ಕರ್ನಾಟಕದ 1957ರ ಶಿಸ್ತು ನಿಯಮಗಳಲ್ಲೂ ಇದೇ ಇದೆ.

ತರ್ಕ ಕೇಳೋಕೆ ಚೆನ್ನಾಗಿದೆ. ಕೋರ್ಟು ನಿಜವಾಗಿ ಸಾಕ್ಷಿ ಕೇಳಿದ್ದರೆ ಒಪ್ಪೋಣ. ಕೇಳದೇ ಇದ್ದರೆ?

ಪವನ್ ಕುಮಾರ್ ಅಂತ ಹರಿಯಾಣದ ಒಬ್ಬ ನಾಲ್ಕನೇ ದರ್ಜೆ ನೌಕರ. ಅವನ ಮೇಲೆ ಐ.ಪಿ.ಸಿ. 294ರ ಕೇಸು, ಅಂದರೆ ಸಾರ್ವಜನಿಕ ಜಾಗದಲ್ಲಿ ಅಶ್ಲೀಲವಾಗಿ ನಡಕೊಂಡ, ಅಶ್ಲೀಲ ಪದ ಹೇಳಿದ, ಈ ಥರದ್ದು. ಅವನು ಒಪ್ಪಿಕೊಂಡ, 20 ರೂಪಾಯಿ ದಂಡ ಕಟ್ಟಿದ, ಮನೆಗೆ ಹೋದ. ಆ 20 ರೂಪಾಯಿ ಅವನ ನೌಕರಿ ತಿಂದುಹಾಕಿತು. ಕೆಳಗಿನ ಕೋರ್ಟುಗಳು ಇದು ‘ನೈತಿಕ ಅಧಃಪತನ’ದ ಅಪರಾಧ ಅಂದುವು. ಸುಪ್ರೀಂ ಕೋರ್ಟಿನವರೆಗೆ ಹೋಗಬೇಕಾಯಿತು. 1996ರಲ್ಲಿ ಆ ಕೋರ್ಟು ಒಂದು ಸರಳವಾದ ಪ್ರಶ್ನೆ ಹಾಕಿತು. ಅವನು ಏನು ಮಾಡಿದ, ಏನು ಅಂದ ಅನ್ನೋದೇ ಕಾಗದದಲ್ಲಿಲ್ಲ, ಹಾಗಿದ್ದ ಮೇಲೆ ಅದು ಅಧಃಪತನ ಅಂತ ಹೇಗೆ ಗೊತ್ತಾಯಿತು? ನೌಕರಿ ಉಳಿಯಿತು. ಕೋರ್ಟು ಅಲ್ಲಿಗೇ ನಿಲ್ಲಿಸಲಿಲ್ಲ. ಈ ದೇಶದಲ್ಲಿ ಸಾವಿರಾರು ಜನ ಸಣ್ಣ ಕೋರ್ಟುಗಳಲ್ಲಿ ಸಣ್ಣ ದಂಡ ಕಟ್ಟಿ ಕೇಸು ಮುಗಿಸಿಕೊಳ್ತಾರೆ, 2000 ರೂಪಾಯಿವರೆಗಿನ ದಂಡದ ಶಿಕ್ಷೆಯನ್ನ ನೌಕರಿಯ ವಿಷಯದಲ್ಲಿ ಲೆಕ್ಕಕ್ಕೆ ಹಿಡಿಯಬಾರದು, ಪಾರ್ಲಿಮೆಂಟು ಹಾಗೆ ಕಾನೂನು ಮಾಡುವ ಬಗ್ಗೆ ಯೋಚಿಸಲಿ ಅಂತ ಬರೆಯಿತು. ಆ ತೀರ್ಪು ಬಂದು ಕಾಲು ಶತಮಾನ ದಾಟಿದೆ. ಪವನ್ ಕುಮಾರ್ ಹತ್ರ ಸುಪ್ರೀಂ ಕೋರ್ಟಿಗೆ ಹೋಗೋ ಶಕ್ತಿ ಇಲ್ಲದೇ ಇದ್ದಿದ್ದರೆ ಏನಾಗ್ತಿತ್ತು ಅಂತ ಯೋಚನೆ ಮಾಡಿ.

ನಾನು ಇಲ್ಲಿ ಸ್ವಲ್ಪ ಹೊತ್ತು ನಿಲ್ತೀನಿ. ನಮ್ಮ ಹುಡುಗರಿಗೆ ಅತಿ ಹೆಚ್ಚು ಹೊಡೆತ ಬೀಳೋದು ಇಲ್ಲೇ ಅಂತ ನನಗನಿಸುತ್ತೆ.

ಕೋರ್ಟಿನ ಜಗುಲಿ ನೋಡಿದ್ದೀರಲ್ಲ. ಮೆರವಣಿಗೆ ಕೇಸಿನಲ್ಲಿ ಹತ್ತು ಹನ್ನೆರಡು ಹುಡುಗರು ವಾಯಿದೆ ಮೇಲೆ ವಾಯಿದೆ ಅಂತ ಅಲೆದಾಡ್ತಾರೆ. ಪ್ರತಿ ವಾಯಿದೆಗೂ ಬಸ್ ಚಾರ್ಜು, ಒಂದು ದಿನದ ಕ್ಲಾಸು, ಅಪ್ಪನಿಗೆ ಒಂದು ದಿನದ ಕೂಲಿ. ಒಂದು ಸಲ ತಪ್ಪಿಸಿದರೆ ವಾರಂಟು. ಎರಡು ವರ್ಷ ಹೀಗೆ ಆದ ಮೇಲೆ ಯಾರೋ ಒಬ್ಬರು ಬಂದು ಬುಜದ ಮೇಲೆ ಕೈ ಹಾಕ್ತಾರೆ. ಅವರು ವಕೀಲರ ಗುಮಾಸ್ತ ಇರಬಹುದು, ಪೇದೆ ಇರಬಹುದು, ನಮ್ಮ ಮಾವನೇ ಇರಬಹುದು. ‘ಯಾಕ್ಲಾ ಒದ್ದಾಡ್ತೀಯ, ಒಪ್ಕೊಂಬಿಡು. ಐನೂರು ಫೈನ್ ಹಾಕ್ತಾರೆ, ಕಟ್ಟಿ ನಡಿ. ಜೈಲಿಲ್ಲ ಏನಿಲ್ಲ.’ ಹೇಳಿದವರಲ್ಲಿ ಕೆಟ್ಟ ಬುದ್ಧಿ ಇರಲ್ಲ. ಆದರೆ ಒಪ್ಪಿಕೊಂಡ ಆ ಗಳಿಗೆಯಲ್ಲಿ ಏನಾಗುತ್ತೆ? ಕಲ್ಲು ಹೊಡೆದವನು ಯಾರು, ಹುಡುಗ ಅಲ್ಲಿದ್ದನಾ ಇಲ್ಲವಾ, ಪೊಲೀಸರು ಬರೆದದ್ದು ಸುಳ್ಳಾ ನಿಜವಾ, ಯಾವುದನ್ನೂ ಯಾರೂ ಕೇಳಲಿಲ್ಲ. ಕಾಗದದಲ್ಲಿ ಮಾತ್ರ ‘ಅಪರಾಧಿ’ ಅಂತ ಬಿತ್ತು. ಆ ರಸೀತಿ ಕನ್ವಿಕ್ಷನ್ನು. ಇಷ್ಟೇ ಅಲ್ಲ, ತಪ್ಪೊಪ್ಪಿಕೊಂಡವನಿಗೆ ಅಪೀಲಿನ ಬಾಗಿಲೂ ಮುಕ್ಕಾಲು ಮುಚ್ಚಿಹೋಗುತ್ತೆ. ಶಿಕ್ಷೆ ಜಾಸ್ತಿಯಾಯಿತು, ಕಾನೂನಿಗೆ ಸರಿಯಿಲ್ಲ ಅಂತ ಹೇಳಬಹುದೇ ಹೊರತು ನಾನು ಮಾಡಲಿಲ್ಲ ಅಂತ ಹೇಳೋಕೆ ಆಗಲ್ಲ.

ಅದೇ ಕೇಸು ಬೇರೆ ಥರ ಮುಗಿದರೆ ಕನ್ವಿಕ್ಷನ್ ಇಲ್ಲ. ಊರಿನ ಜಗಳದ ಕೇಸು, ರಾಜಿಗೆ ಕಾನೂನು ಒಪ್ಪುವಂಥದ್ದಾದರೆ, ಕೋರ್ಟಿನ ಮುಂದೆ ರಾಜಿ ಆದರೆ ಅದು ಖುಲಾಸೆಗೆ ಸಮ. ಚಳವಳಿ ಕೇಸನ್ನ ಸರ್ಕಾರ ವಾಪಸ್ ತಗೊಂಡು ಕೋರ್ಟು ಒಪ್ಪಿದರೂ ಶಿಕ್ಷೆ ಇಲ್ಲ. ಸರ್ಕಾರಗಳು ದೊಡ್ಡ ಚಳವಳಿಗಳ ಕೇಸು ವಾಪಸ್ ತಗೋತವೆ, ಹಿಂದೆ ಮಂತ್ರಿ ಎಂ.ಎಲ್.ಎ.ಗಳು ಓಡಾಡ್ತಾರೆ. ಹಾಸ್ಟೆಲ್ ಹುಡುಗರ ಕೇಸಿಗೆ ಓಡಾಡೋರು ಯಾರು? ನಾವೇ ಓಡಾಡಬೇಕು. ಐನೂರು ಫೈನ್ ಕಟ್ಟೋ ಮೊದಲು ಸಂಘದ ವಕೀಲರನ್ನ, ಇಲ್ಲದಿದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಯನ್ನ ಕೇಳಿ. 1987ರ ಕಾನೂನಿನ ಪ್ರಕಾರ ಎಸ್.ಸಿ., ಎಸ್.ಟಿ.ಯವರಿಗೆ ಉಚಿತ ಕಾನೂನು ನೆರವು ಹಕ್ಕು. ಅದಕ್ಕೆ ಆದಾಯ ಮಿತಿಯ ತಕರಾರಿಲ್ಲ.

ಈಗ ಇನ್ನೊಂದು ಪ್ರಶ್ನೆ. ಶಿಕ್ಷೆ ಆಯಿತು, ಒಪ್ಪೋಣ. ಶಿಕ್ಷೆ ಆದ ಎಲ್ಲರನ್ನೂ ವಜಾ ಮಾಡಲೇಬೇಕಾ? ಈ ಪ್ರಶ್ನೆ ಮೇಲೆ ಸುಪ್ರೀಂ ಕೋರ್ಟೇ ಹಿಂದೆ ಮುಂದೆ ಓಡಾಡಿದೆ.

ಚೆಲ್ಲಪ್ಪನ್ ಅಂತ ಕೇರಳದ ಒಬ್ಬ ರೈಲ್ವೆ ಪಾಯಿಂಟ್ಸ್‌ಮನ್. 1972ರಲ್ಲಿ ಸ್ಟೇಷನ್ ಪ್ಲಾಟ್‌ಫಾರಂನಲ್ಲಿ ಕುಡಿದು ಗಲಾಟೆ ಮಾಡಿದ ಅಂತ ಕೇಸು. ಮ್ಯಾಜಿಸ್ಟ್ರೇಟರು ಅವನನ್ನ ಜೈಲಿಗೆ ಕಳಿಸಲಿಲ್ಲ, 1958ರ ಪ್ರೊಬೇಷನ್ ಕಾನೂನಿನ ಪ್ರಕಾರ ಬುದ್ಧಿ ಹೇಳಿ ಬಿಟ್ಟರು. ರೈಲ್ವೆಯವರು ಮಾತ್ರ ಕೆಲಸದಿಂದ ತೆಗೆದರು. ಮ್ಯಾಜಿಸ್ಟ್ರೇಟ್ ಬಿಟ್ಟವನನ್ನ ಇಲಾಖೆ ಬಿಡಲಿಲ್ಲ ನೋಡಿ. 1975ರಲ್ಲಿ ಸುಪ್ರೀಂ ಕೋರ್ಟು ಹೇಳಿತು: ಶಿಕ್ಷೆ ಆಯಿತು ಅಂತ ಕಣ್ಣು ಮುಚ್ಚಿ ತೆಗೆಯೋ ಹಾಗಿಲ್ಲ, ಯಾವ ದಂಡನೆ ಕೊಡಬೇಕು ಅನ್ನೋ ಬಗ್ಗೆ ನೌಕರನ ಮಾತು ಕೇಳಿ. ಹತ್ತು ವರ್ಷ ಈ ಮಾತು ನಿಂತಿತ್ತು.

1985ರ ಜುಲೈನಲ್ಲಿ ತುಳಸಿರಾಂ ಪಟೇಲ್ ಕೇಸಿನಲ್ಲಿ ಐದು ಜನ ನ್ಯಾಯಾಧೀಶರ ಪೀಠ ಅದನ್ನ ಅಳಿಸಿಹಾಕಿತು. ಪಟೇಲ್ ಜಬಲ್‌ಪುರದ ಲೆಕ್ಕಪತ್ರ ಕಚೇರಿಯ ನೌಕರ, ಮೇಲಧಿಕಾರಿಯ ತಲೆಗೆ ಕಬ್ಬಿಣದ ರಾಡಿನಿಂದ ಹೊಡೆದ. ಅವನನ್ನೂ ಪ್ರೊಬೇಷನ್ ಮೇಲೆ ಬಿಟ್ಟಿದ್ದರು, ಆಮೇಲೆ ಇಲಾಖೆ ಕಡ್ಡಾಯ ನಿವೃತ್ತಿ ಮಾಡಿತು. ಶಿಕ್ಷೆಯಾದವನನ್ನ ತೆಗೆಯೋ ಮೊದಲು ಅವನ ಮಾತು ಕೇಳಬೇಕಿಲ್ಲ ಅಂತ ಪೀಠ ತೀರ್ಮಾನಿಸಿತು. ಆದರೆ ಒಂದು ಕಟ್ಟು ಉಳಿಸಿತು. ಅಧಿಕಾರಿ ತೀರ್ಪನ್ನ ಓದಬೇಕು, ತಪ್ಪು ಎಷ್ಟು ದೊಡ್ಡದು, ಸಂದರ್ಭ ಏನು, ವಜಾ ಅಗತ್ಯವಾ ಅಂತ ತೂಗಿ ನೋಡಬೇಕು. ತೂಗಲಿಲ್ಲ ಅಂದರೆ ಆಮೇಲೆ ಕೋರ್ಟಿಗೆ ಹೋಗಬಹುದು. ಅಂದರೆ ಮೊದಲು ಬೀದಿಗೆ ಬಾ, ಆಮೇಲೆ ನಿನ್ನ ಮಾತು. ರಾಡಿನ ಪೆಟ್ಟಿನ ಮೇಲೆ ಹುಟ್ಟಿದ ಈ ನಿಯಮ ಇವತ್ತು ಪ್ಲಾಟ್‌ಫಾರಂನಲ್ಲಿ ತೂರಾಡಿದವನಿಗೂ ಅದೇ. ಇದು ನನಗೆ ಒಪ್ಪಿಗೆಯಾಗಲ್ಲ.

ಆದರೆ ಅದೇ ವರ್ಷ ಮಾರ್ಚಿಯಲ್ಲಿ ಇನ್ನೊಂದು ತೀರ್ಪು ಬಂದಿತ್ತು. ನನಗೆ ಡಿಕ್ಷನರಿ ಪಕ್ಕಕ್ಕಿಟ್ಟು ಓದಿಸಿದ್ದು ಅದು. ಶಂಕರ ದಾಸ್ ದೆಹಲಿಯ ಹಾಲು ಸರಬರಾಜು ಸಂಸ್ಥೆಯಲ್ಲಿ ಕ್ಯಾಷ್ ಕ್ಲರ್ಕು. ಅರವತ್ತರ ದಶಕದ ಮಾತು. ಅವನ ಮಗ ಸತ್ತ. ಆಮೇಲೆ ಹೆಂಡತಿ ಮಹಡಿಯಿಂದ ಬಿದ್ದು ಗಾಯ ಮಾಡಿಕೊಂಡಳು. ಆಮೇಲೆ ಮಗಳು ಎಂಟು ತಿಂಗಳು ಕಾಯಿಲೆ ಮಲಗಿದಳು. ಅವನ ಕೈಯಲ್ಲಿದ್ದ ಸಂಸ್ಥೆಯ ದುಡ್ಡಿನಲ್ಲಿ 500 ರೂಪಾಯಿ ಕಮ್ಮಿಯಾಯಿತು. ಅವನು ವಾಪಸ್ ಕಟ್ಟಿದ. ಕೋರ್ಟಿನಲ್ಲಿ ತಪ್ಪೊಪ್ಪಿಕೊಂಡ. ಮ್ಯಾಜಿಸ್ಟ್ರೇಟರು ಅವನ ಕಷ್ಟ ನೋಡಿ ಪ್ರೊಬೇಷನ್ ಮೇಲೆ ಬಿಟ್ಟರು. ಇಲಾಖೆ 1964ರಲ್ಲಿ ವಜಾ ಮಾಡಿತು. ಅವನು ಕೋರ್ಟಿನ ಮೆಟ್ಟಿಲು ಹತ್ತಿದವನು ಸುಪ್ರೀಂ ಕೋರ್ಟಿನ ತೀರ್ಪು ನೋಡಿದ್ದು 1985ರಲ್ಲಿ. ಇಪ್ಪತ್ತು ವರ್ಷ. ನಿಮ್ಮಲ್ಲಿ ಕೆಲವರ ವಯಸ್ಸು ಅಷ್ಟಾಗಿಲ್ಲ.

ಪ್ರೊಬೇಷನ್ ಸಿಕ್ಕಿದರೆ ನೌಕರಿಯೂ ತಾನಾಗೇ ಉಳಿಯುತ್ತೆ ಅನ್ನೋದನ್ನ ಆ ತೀರ್ಪು ಒಪ್ಪಲಿಲ್ಲ. ಇದನ್ನ ಮರೀಬೇಡಿ. ಪ್ರೊಬೇಷನ್ ಶಿಕ್ಷೆಯನ್ನ ತಡೆಯುತ್ತೆ, ಅಪರಾಧಿ ಅನ್ನೋ ಮಾತನ್ನ ಒರೆಸಲ್ಲ. ಆದರೆ ಮುಖ್ಯ ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ಕೇಳಿದ ಪ್ರಶ್ನೆಯ ಅರ್ಥ ಇದು: ಸ್ಕೂಟರನ್ನ ನಿಲ್ಲಿಸಬಾರದ ಕಡೆ ನಿಲ್ಲಿಸಿ ಶಿಕ್ಷೆಯಾದವನನ್ನೂ ವಜಾ ಮಾಡಿ ಅಂತ ಸಂವಿಧಾನ ಹೇಳುತ್ತಾ? ಅಧಿಕಾರ ಇದೆ ಅಂದ ಮಾತ್ರಕ್ಕೆ ಹೇಗಾದರೂ ಬಳಸಬಹುದು ಅಂತಲ್ಲ, ನ್ಯಾಯವಾಗಿ ಬಳಸಬೇಕು. ಶಂಕರ ದಾಸನ ವಜಾ ರದ್ದಾಯಿತು, ಪೂರ್ತಿ ಸಂಬಳ ಕೊಡಿ ಅಂತ ಆದೇಶವಾಯಿತು. ಈ ತೀರ್ಪನ್ನ ತುಳಸಿರಾಂ ಪಟೇಲ್ ಪಕ್ಕಕ್ಕಿಟ್ಟು ಓದಿ. ಇಲಾಖೆ ಶಿಕ್ಷೆಯ ಒಂದು ಸಾಲು ಮಾತ್ರ ನೋಡಿ ವಜಾ ಆದೇಶ ಟೈಪ್ ಮಾಡಿದ್ದರೆ ನಮ್ಮ ವಾದ ಅಲ್ಲಿದೆ.

‘ನೈತಿಕ ಅಧಃಪತನ’ ಅಂದೆ. ಈ ಪದ ಎಲ್ಲಾ ಕಡೆ ಬರುತ್ತೆ, ಅರ್ಥ ಮಾತ್ರ ಯಾವ ಕಾನೂನೂ ನೆಟ್ಟಗೆ ಬರೆದಿಟ್ಟಿಲ್ಲ. ಬ್ಯಾಂಕಿನವರಿಗೆ 1949ರ ಕಾನೂನಿನಲ್ಲೇ ಇದೆ: ಇಂಥ ಅಪರಾಧಕ್ಕೆ ಶಿಕ್ಷೆಯಾದವನನ್ನ ಬ್ಯಾಂಕು ಕೆಲಸದಲ್ಲಿ ಇಟ್ಟುಕೊಳ್ಳೋ ಹಾಗಿಲ್ಲ. ಸ್ಟೇಟ್ ಬ್ಯಾಂಕಿನ ಒಬ್ಬ ನೌಕರನಿಗೆ ಹೊಡೆದಾಟದ ಕೇಸಿನಲ್ಲಿ ಶಿಕ್ಷೆಯಾಗಿ ಕೆಲಸ ಹೋಯಿತು. 2019ರಲ್ಲಿ ಸುಪ್ರೀಂ ಕೋರ್ಟು, ಎಲ್ಲಾ ಹೊಡೆದಾಟವೂ ಅಧಃಪತನ ಅಲ್ಲ, ಈ ಗಾಯ ಅಂಥದ್ದಲ್ಲ ಅಂತ ಅವನ ಕಡೆ ನಿಂತಿತು. ಪದ ಸಡಿಲವಾಗಿದ್ದಷ್ಟೂ ಅದನ್ನ ತುಂಬುವವನ ಮನಸ್ಸು ಮುಖ್ಯವಾಗುತ್ತೆ. 1871ರಿಂದ ಈ ದೇಶದಲ್ಲಿ ಕೆಲವು ಜಾತಿಗಳನ್ನ ಹುಟ್ಟಿನಿಂದಲೇ ಅಪರಾಧಿಗಳು ಅಂತ ಪಟ್ಟಿ ಮಾಡಿದ್ದರು. ಆ ಕಾನೂನು ಹೋಗಿದ್ದು 1952ರಲ್ಲಿ. ಪೊಲೀಸ್ ಠಾಣೆಯ ಕಣ್ಣಿಂದ ಹೋಗಿದೆಯಾ ಅನ್ನೋದನ್ನ ಅಲೆಮಾರಿ ಕೇರಿಗಳಿಂದ ಬಂದಿರೋ ಗೆಳೆಯರು ನನಗಿಂತ ಚೆನ್ನಾಗಿ ಹೇಳ್ತಾರೆ.

ಕಾರ್ಖಾನೆಗೆ ಹೋಗುವವರ ಮಾತು. ಅಲ್ಲಿ 311 ಇಲ್ಲ. ಅಲ್ಲಿರೋದು ಸ್ಟ್ಯಾಂಡಿಂಗ್ ಆರ್ಡರು. ಕೂಲಿಗಾರನ ದುರ್ನಡತೆ ಅಂದರೆ ಏನು ಅಂತ ಮಾಲೀಕ ಮೊದಲೇ ಬರೆದು, ಸರ್ಕಾರದಿಂದ ಒಪ್ಪಿಗೆ ತಗೊಂಡು, ಗೋಡೆಗೆ ಹಾಕಬೇಕು ಅನ್ನೋ ಕಾನೂನು ಬಂದಿದ್ದು 1946ರಲ್ಲಿ, ಬಾಬಾಸಾಹೇಬರು ವೈಸರಾಯ್ ಕೌನ್ಸಿಲಿನಲ್ಲಿ ಕಾರ್ಮಿಕ ಸದಸ್ಯರಾಗಿದ್ದಾಗ. ಅದಕ್ಕೆ ಮುಂಚೆ ಮಾಲೀಕನ ಬಾಯೇ ಕಾನೂನು. ಬರೆದ ಪಟ್ಟಿಯ ಬೆಲೆ ಏನು ಅಂದರೆ, ಪಟ್ಟಿಯಲ್ಲಿ ಇಲ್ಲದ್ದಕ್ಕೆ ಕೈ ಹಾಕೋ ಹಾಗಿಲ್ಲ. 1983ರ ಗ್ಲಾಕ್ಸೋ ಕೇಸಿನಲ್ಲಿ ಸುಪ್ರೀಂ ಕೋರ್ಟು ಇದನ್ನೇ ಹೇಳಿತು: ಕಾರ್ಖಾನೆ ಆವರಣದಲ್ಲಿ ನಡೆದ ದುರ್ನಡತೆ ಅಂತ ಬರೆದಿದ್ದರೆ, ದೂರದಲ್ಲಿ ನಡೆದ ಗಲಾಟೆಯನ್ನ ಅದರೊಳಗೆ ತುರುಕಬೇಡಿ. ಊರ ಜಾತ್ರೆಯ ಹೊಡೆದಾಟಕ್ಕೆ ಶಿಕ್ಷೆಯಾದ ಕಾರ್ಮಿಕನನ್ನ ತೆಗೆಯೋಕೆ ಹೊರಟರೆ ಮೊದಲು ಆ ಸ್ಟ್ಯಾಂಡಿಂಗ್ ಆರ್ಡರ್ ತೆಗೆದು ಓದಿ. ಕೆಲವು ಕಂಪನಿಗಳು ‘ಕೋರ್ಟಿನಲ್ಲಿ ಶಿಕ್ಷೆ’ ಅಂತಲೇ ಸೇರಿಸಿರುತ್ತವೆ, ಕೆಲವು ಸೇರಿಸಿರಲ್ಲ. ವಜಾ ಅತಿಯಾಯಿತು ಅನಿಸಿದರೆ ದಂಡನೆ ಇಳಿಸುವ ಅಧಿಕಾರ 1971ರಲ್ಲಿ ಕಾರ್ಮಿಕ ನ್ಯಾಯಾಲಯಕ್ಕೆ ಬಂತು. 2025ರ ನವೆಂಬರ್ 21ರಿಂದ ಹಳೆಯ ಕಾನೂನುಗಳ ಜಾಗದಲ್ಲಿ ಕೈಗಾರಿಕಾ ಸಂಬಂಧಗಳ ಸಂಹಿತೆ ಬಂದಿದೆ. ಆ ಅಧಿಕಾರ ನ್ಯಾಯಮಂಡಳಿಯ ಕೈಯಲ್ಲಿ ಉಳಿದಿದೆ. ಆದರೆ ಸ್ಟ್ಯಾಂಡಿಂಗ್ ಆರ್ಡರ್ ಈಗ 300 ಜನ ದುಡಿಯುವ ಕಡೆ ಮಾತ್ರ ಕಡ್ಡಾಯ, ಕೇಂದ್ರದ ಹಳೇ ಕಾನೂನಿನಲ್ಲಿ ಅದು 100 ಇತ್ತು. ಕಂಟ್ರಾಕ್ಟಿನ ಮೇಲೆ ಕಸ ಗುಡಿಸೋ ನಮ್ಮ ಅಕ್ಕಂದಿರಿಗೆ ಯಾವ ಆರ್ಡರೂ ಬೇಕಿಲ್ಲ, ಮೇಸ್ತ್ರಿ ‘ನಾಳೆಯಿಂದ ಬರಬೇಡ’ ಅಂದರೆ ಮುಗೀತು.

ಕೇಸು ನಡೀತಾ ಇರುವಾಗಲೇ ಇಲಾಖೆ ತನ್ನದೇ ವಿಚಾರಣೆ ಮುಗಿಸಿ ವಜಾ ಮಾಡಿ, ಆಮೇಲೆ ಕೋರ್ಟು ಬಿಡುಗಡೆ ಮಾಡಿದರೆ? ಇದಕ್ಕೆ ನಮ್ಮ ಕೋಲಾರದ ಚಿನ್ನದ ಗಣಿಯಿಂದಲೇ ಕತೆ ಇದೆ. ಕ್ಯಾಪ್ಟನ್ ಪಾಲ್ ಆಂಥೋನಿ ಅಲ್ಲಿ ಸೆಕ್ಯುರಿಟಿ ಆಫೀಸರು. 1985ರ ಜೂನ್ 2ರಂದು ಪೊಲೀಸರು ಮನೆ ಶೋಧಿಸಿ 4.5 ಗ್ರಾಂ ಚಿನ್ನದ ಉಂಡೆ, 1276 ಗ್ರಾಂ ಚಿನ್ನ ಬೆರೆತ ಮರಳು ಸಿಕ್ಕಿತು ಅಂದರು. ಅಮಾನತಾಯಿತು. ಜೀವನಾಂಶ ಭತ್ಯೆ ಕೊಡಲಿಲ್ಲ. ಅವರು ಕೇರಳದ ಊರಿನಲ್ಲಿ ಕಾಯಿಲೆ ಬಿದ್ದಿದ್ದರು, ಬರೋಕೆ ದುಡ್ಡಿಲ್ಲ. ಅವರಿಲ್ಲದೆ ವಿಚಾರಣೆ ಮುಗಿಸಿ 1986ರಲ್ಲಿ ವಜಾ ಮಾಡಿದರು. 1987ರಲ್ಲಿ ಕ್ರಿಮಿನಲ್ ಕೋರ್ಟು, ಶೋಧವೇ ಸಾಬೀತಾಗಿಲ್ಲ ಅಂತ ಬಿಡುಗಡೆ ಮಾಡಿತು. 1999ರಲ್ಲಿ ಸುಪ್ರೀಂ ಕೋರ್ಟು ವಜಾ ರದ್ದು ಮಾಡಿತು. ಎರಡೂ ಕಡೆ ಅದೇ ಸಾಕ್ಷಿ, ಕೋರ್ಟು ನಂಬದ್ದನ್ನ ಕಂಪನಿ ನಂಬಿ ತೆಗೆಯೋದು ನ್ಯಾಯ ಅಲ್ಲ, ಅಮಾನತಾದವನಿಗೆ ಭತ್ಯೆ ಕೊಡದೆ ವಿಚಾರಣೆಗೆ ಬಾ ಅನ್ನೋದು ಬದುಕುವ ಹಕ್ಕಿಗೇ ವಿರುದ್ಧ ಅಂದಿತು. ಗಣಿ 2001ರಲ್ಲಿ ಮುಚ್ಚಿತು. ಒಬ್ಬ ಆಫೀಸರಿಗೇ ಹದಿನಾಲ್ಕು ವರ್ಷ ಹಿಡಿಯಿತು. ನೆಲದಡಿ ಇಳಿದು ಧೂಳು ಕುಡಿದ ನಮ್ಮ ಜನ ಈ ದಾರಿಯಲ್ಲಿ ಎಷ್ಟು ದೂರ ಹೋಗೋಕೆ ಸಾಧ್ಯ ಇತ್ತು?

ಹಾಗಂತ ಶಿಕ್ಷೆಯಾದವರೆಲ್ಲರ ನೌಕರಿ ಉಳಿಸಿ ಅಂತ ನಾನು ಕೂಗಲ್ಲ. ಕೇರಿ ಮಕ್ಕಳನ್ನ ಬೇರೆ ಕೂರಿಸಿ, ಜಾತಿ ಹಿಡಿದು ಬೈದು, ಆ ಕೇಸು ಸಾಬೀತಾದ ಮೇಷ್ಟ್ರು ಮಾರನೆ ದಿನ ಅದೇ ಬೋರ್ಡಿನ ಮುಂದೆ ನಿಲ್ಲಬೇಕಾ? ನಿಲ್ಲಬಾರದು. 1989ರ ದೌರ್ಜನ್ಯ ತಡೆ ಕಾನೂನು ಹದಿನೆಂಟು ದಾಟಿದ ಅಪರಾಧಿಗೆ ಪ್ರೊಬೇಷನ್ ಇಲ್ಲ ಅಂತ 19ನೇ ಸೆಕ್ಷನ್ನಿನಲ್ಲೇ ಬರೆದಿದೆ. ಅಲ್ಲಿ 311ರ ತೂತು ನಮಗೆ ಬೇಕು. ಲಾಕಪ್ಪಿನಲ್ಲಿ ಹೊಡೆದು ಶಿಕ್ಷೆಯಾದ ಪೊಲೀಸನಿಗೂ ಬೇಕು. ನನ್ನ ತಕರಾರು ಬಾಗಿಲಿನ ಮೇಲಲ್ಲ, ಆ ಬಾಗಿಲಿಂದ ಮೊದಲು ಯಾರನ್ನ ನೂಕ್ತಾರೆ ಅನ್ನೋದರ ಮೇಲೆ. ದೊಡ್ಡ ಅಧಿಕಾರಿಯ ಕೇಸು ಸಾಕ್ಷಿ ಹಂತಕ್ಕೆ ಬರೋಷ್ಟರಲ್ಲಿ ಅವನು ಪಿಂಚಣಿ ತಗೋತಿರ್ತಾನೆ. ಜವಾನನ ಇಪ್ಪತ್ತು ರೂಪಾಯಿ ಕೇಸು ಒಂದೇ ವಾಯಿದೆಯಲ್ಲಿ ಮುಗಿದಿರುತ್ತೆ.

ಅಪೀಲಿನ ವಿಷಯ ಒಂದು ಮಾತು. ಅಪೀಲ್ ಹಾಕಿ ಜಾಮೀನಿನ ಮೇಲೆ ಹೊರಗಿದ್ದೀನಿ, ಶಿಕ್ಷೆಗೆ ತಡೆ ಸಿಕ್ಕಿದೆ, ಆದ್ದರಿಂದ ನೌಕರಿ ಭದ್ರ ಅಂದ್ಕೋಬೇಡಿ. 1995ರ ನಾಗೂರ್ ಮೀರಾ ಕೇಸಿನಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಇದು: ಜೈಲಿಗೆ ಹೋಗೋದಕ್ಕೆ ತಡೆ ಬೇರೆ, ಅಪರಾಧಿ ಅನ್ನೋ ತೀರ್ಮಾನಕ್ಕೆ ತಡೆ ಬೇರೆ. ಅಪೀಲು ಬಾಕಿ ಇದ್ದರೂ ವಜಾ ಮಾಡಬಹುದು. ಅಪೀಲಿನಲ್ಲಿ ಗೆದ್ದರೆ ವಾಪಸ್ ತಗೋಬೇಕು.

ಕೊನೆಗೆ ಆ ಕಾಲಂಗೆ ಬರ್ತೀನಿ, ನಿನ್ನೆ ರಾತ್ರಿಯಿಂದ ನಾಲ್ಕು ಜನ ಅದನ್ನೇ ಕೇಳಿದ್ದೀರಿ. ‘ಇಲ್ಲ’ ಅಂತ ಬರೆದುಬಿಡಲಾ? ಬರೀಬೇಡಿ. ಪೊಲೀಸ್ ವೆರಿಫಿಕೇಷನ್‌ನಲ್ಲಿ ಸಿಕ್ಕಿಬಿದ್ದರೆ ಕೇಸಿಗಲ್ಲ, ಸುಳ್ಳಿಗೆ ಕೆಲಸ ಹೋಗುತ್ತೆ. 2016ರ ಅವತಾರ್ ಸಿಂಗ್ ತೀರ್ಪು ಓದಿ. ಎಳೆ ವಯಸ್ಸಿನಲ್ಲಿ ಘೋಷಣೆ ಕೂಗಿದಂಥ ಸಣ್ಣ ಕೇಸನ್ನ ಮುಚ್ಚಿಟ್ಟಿದ್ದರೂ ಇಲಾಖೆ ಮನ್ನಿಸಬಹುದು ಅಂತ ಅಲ್ಲಿದೆ. ಘೋಷಣೆ ಕೂಗೋದು ಅಂತಲೇ ಬರೆದಿದ್ದಾರೆ, ನಮ್ಮನ್ನ ನೋಡಿಯೇ ಬರೆದ ಹಾಗೆ. ಆದರೆ ಅದು ‘ಮನ್ನಿಸಬಹುದು’, ‘ಮನ್ನಿಸಲೇಬೇಕು’ ಅಲ್ಲ. 2011ರಲ್ಲಿ ದೆಹಲಿ ಪೊಲೀಸ್ ನೇಮಕಾತಿಯ ಒಬ್ಬ ಹುಡುಗನ ಕೇಸಿನಲ್ಲಿ ಅದೇ ಕೋರ್ಟು ರೊಟ್ಟಿ ಕದ್ದು ಜೀವನವೆಲ್ಲಾ ಕಳ್ಳ ಅನ್ನಿಸಿಕೊಂಡ ಹ್ಯೂಗೋನ ಕಾದಂಬರಿಯ ಜೀನ್ ವಾಲ್ಜೀನನನ್ನ ನೆನಪು ಮಾಡಿಕೊಂಡಿತು. ಒಳ್ಳೇದೇ. ಆದರೆ ಎಲ್ಲಾ ನೇಮಕಾತಿ ಅಧಿಕಾರಿಗಳೂ ಹ್ಯೂಗೋ ಓದಿರಲ್ಲ.

ಕಾಲಂನ ಮಾತುಗಳನ್ನ ಅಕ್ಷರ ಅಕ್ಷರ ಓದಿ. ‘ಶಿಕ್ಷೆಯಾಗಿದೆಯೇ’ ಅಂತ ಕೇಳಿದ್ದರೆ ಬಿಡುಗಡೆಯಾದವನು ‘ಇಲ್ಲ’ ಅನ್ನಬಹುದು. ‘ಕೇಸು ದಾಖಲಾಗಿದೆಯೇ’, ‘ಬಂಧಿಸಲಾಗಿದೆಯೇ’ ಅಂತ ಕೇಳಿದ್ದರೆ ಬಿಡುಗಡೆಯಾಗಿದ್ದರೂ ಬರೆಯಬೇಕು, ಕೆಳಗೆ ಬಿಡುಗಡೆಯಾದ ತಾರೀಕೂ ಬರೆಯಬೇಕು. ಅದಕ್ಕೆ ತೀರ್ಪಿನ ದೃಢೀಕೃತ ನಕಲು ಕೈಯಲ್ಲಿರಬೇಕು. ಕೇಸು ಮುಗಿದ ದಿನ ಖುಷಿಯಲ್ಲಿ ಹೋಟೆಲಿಗೆ ಹೋಗ್ತೀರಿ, ಹೋಗಿ, ಆದರೆ ಅದಕ್ಕೆ ಮುಂಚೆ ಕೋರ್ಟಿನ ನಕಲು ವಿಭಾಗದಲ್ಲಿ ಅರ್ಜಿ ಕೊಡಿ. ಎರಡು ನಕಲು ತಗೊಳ್ಳಿ, ಒಂದನ್ನ ಊರಲ್ಲಿ ಅವ್ವನ ಟ್ರಂಕಿನಲ್ಲಿಡಿ. ಹಾಸ್ಟೆಲ್ ರೂಮಿನಲ್ಲಿ ಏನೂ ಉಳಿಯಲ್ಲ. ಅರ್ಜಿ ಬರೆಯೋಕೆ ಗೊತ್ತಿಲ್ಲದವರು ಊಟ ಆದ ಮೇಲೆ ಬನ್ನಿ, ನಮೂನೆ ತಂದಿದ್ದೀನಿ.